ಕೈ ನಡುಗದವನು

ಮದುವೆಯ ಹೊಸತರಲ್ಲಿ ಹೇಳಿದ ಸುಳ್ಳಿಗೆ ಒಂದು ವಾಯಿದೆ ಇರುತ್ತದೆ, ಆಮೇಲೆ ಯಾರೂ ಕೇಳುವುದಿಲ್ಲ ಎಂದು ನಮ್ಮ ಕ್ಷೌರಿಕ ನಂಬಿದ್ದ. ಹದಿನೆಂಟು ವರ್ಷ ಕಳೆದರೂ ಅವನದು ಮುಗಿದಿರಲಿಲ್ಲ.

ಆಗ ಹೆಂಡತಿ, ತನ್ನ ಹೆಸರಿಗೆ ಅರ್ಥವೇ ಇಲ್ಲ, ಯಾವುದೋ ಮುತ್ತಜ್ಜಿಯದನ್ನು ತಂದು ಇಟ್ಟಿದ್ದಾರೆ ಎಂದು ಮುಖ ಸಣ್ಣದು ಮಾಡಿಕೊಂಡಿದ್ದಳು. ಇವನು ಕತ್ತರಿ ಆಡಿಸುವಷ್ಟೇ ಸಲೀಸಾಗಿ, ಕಡಲಾಚೆಯ ಒಂದು ದ್ವೀಪದ ಭಾಷೆಯಲ್ಲಿ ಅದಕ್ಕೆ 'ಬೆಳಗಿನ ಮೊದಲ ಬೆಳಕು' ಎಂದರ್ಥ ಎಂದುಬಿಟ್ಟ. (ಆ ದ್ವೀಪದ ಪರಿಚಯ ಅವನಿಗಾದದ್ದು ಸೋಪಿನ ಡಬ್ಬಿಯಿಂದ.) ವಾರ ಬಿಟ್ಟು ಅವಳೂ, ಯಾವುದೋ ಬೆಟ್ಟದ ಜನರ ಭಾಷೆಯಲ್ಲಿ ಅವನ ಹೆಸರಿಗೆ 'ಕೈ ನಡುಗದವನು' ಎಂಬ ಅರ್ಥವಿದೆ ಎಂದಳು. ಅವನು ಹಿಗ್ಗಿ ಹೀರೇಕಾಯಿಯಾಗಿ ಅದನ್ನು ಅಂಗಡಿಯ ಬೋರ್ಡಿನ ಮೇಲೆ ದಪ್ಪಕ್ಷರದಲ್ಲಿ ಬರೆಸಿದ. ಅವಳು ತನ್ನದನ್ನು ದಿಂಬಿನ ಚೀಲಕ್ಕೆ ಕಸೂತಿ ಹಾಕಿದಳು.

ಈಗ ಮಹಡಿ ಮನೆಗೆ ಬಾಡಿಗೆಗೆ ಬಂದ ನರ್ಸಮ್ಮ ಅದೇ ದ್ವೀಪದವಳು. ಭಾನುವಾರ ಆಕೆಯನ್ನು ಟೀಗೆ ಕರೆದಿದ್ದೇನೆ ಎಂದು ಹೆಂಡತಿ ಹೇಳಿದ ಕೂಡಲೇ ಕ್ಷೌರಿಕ ಹೋಗಿ ಆ ದಿಂಬನ್ನು ಬೋರಲು ಹಾಕಿದ. ದಿಂಬು ಹಾಳಾಗಿ ಹೋಗಲಿ, ಈ ಒಂದು ಮಾತು ಸುಳ್ಳೆಂದು ಗೊತ್ತಾದರೆ ತಾನು ಆಡಿದ ಬೇರೆ ಒಳ್ಳೆಯ ಮಾತುಗಳನ್ನೂ ಅವಳು ನಂಬಲಿಕ್ಕಿಲ್ಲ ಎಂಬುದೇ ಅವನ ಭಯ.

ಶನಿವಾರ ಮೆಟ್ಟಿಲ ಮೇಲೆ ನರ್ಸಮ್ಮನನ್ನು ಅಡ್ಡಗಟ್ಟಿ, ಹೆಂಡತಿ ಕೇಳಿದರೆ ತಾನು ಹೇಳಿದ ಅರ್ಥವನ್ನೇ ಹೇಳಬೇಕೆಂದು ಗೋಗರೆದ. ತಮ್ಮಲ್ಲಿ ಮಗು ಹುಟ್ಟಿದಾಗ ಅಪ್ಪನ ಕಣ್ಣಿಗೆ ಮೊದಲು ಬಿದ್ದದ್ದೇ ಹೆಸರಾಗುತ್ತದೆ, ತನ್ನ ಹೆಸರಿಗೆ 'ಒದ್ದೆ ಏಣಿ' ಎಂದರ್ಥ, ಅವನ ಹೆಂಡತಿಯ ಹೆಸರಿನಂಥ ಪದ ತಮ್ಮಲ್ಲಿ ಇಲ್ಲವೇ ಇಲ್ಲ ಎಂದಳು ಆಕೆ. ಅವನ ಮುಖ ನೋಡಲಾಗದೆ ಕೊನೆಗೆ ಒಪ್ಪಿದಳು.

ಭಾನುವಾರ ಹೆಂಡತಿ ಟೀ ಬಗ್ಗಿಸಿ, ಸಕ್ಕರೆ ಎಷ್ಟು ಚಮಚ ಎಂದು ಕೇಳಿದಳು, ಅಷ್ಟೇ. ಸುಳ್ಳು ಹೇಳಿ ಅಭ್ಯಾಸವಿಲ್ಲದ ನರ್ಸಮ್ಮ, "ನಿಮ್ಮ ಹೆಸರಿಗೆ ಬೆಳಗಿನ ಮೊದಲ ಬೆಳಕು ಅಂತ ಅರ್ಥ," ಎಂದು ಒಂದೇ ಉಸಿರಿಗೆ ಒಪ್ಪಿಸಿದಳು.

ಆಕೆ ಮಹಡಿ ಹತ್ತಿದ ಮೇಲೆ ಹೆಂಡತಿ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. "ಪಾಪ, ಅವರನ್ನ ಯಾಕೆ ಎಳೆದ್ರಿ? ಲೈಬ್ರರಿಲಿ ನಿಘಂಟು ಜೋಡಿಸೋದೇ ನನ್ನ ಕೆಲಸ ರೀ. ನೀವು ಹೇಳಿದ ಮಾರನೇ ದಿನವೇ ತೆಗೆದು ನೋಡಿದ್ದೆ."

(ನಿಘಂಟು ಜೋಡಿಸುವವಳಿಗೇ ಪದದ ಅರ್ಥ ಕಟ್ಟಿ ಹೇಳಿದ ಮಹಾನುಭಾವ ಭೂಮಂಡಲದಲ್ಲಿ ಇವನೊಬ್ಬನೇ ಇರಬೇಕು.)

"ಮತ್ತೆ ಇಷ್ಟು ವರ್ಷ ಯಾಕೆ ಸುಮ್ಮನಿದ್ದೆ?"

"ನಂಗೋಸ್ಕರ ಅಂತ ನೀವು ತಲೆ ಕೆಡಿಸ್ಕೊಂಡು ಹೇಳಿದ ಸುಳ್ಳು ಅದೊಂದೇ. ಇಷ್ಟ ಆಯ್ತು, ಇಟ್ಕೊಂಡೆ."

ಎದೆಯ ಮೇಲಿನ ಭಾರ ಇಳಿದು ಕ್ಷೌರಿಕನಿಗೆ ಹೋದ ಜೀವ ಬಂದಂತಾಯಿತು. ಹಗುರಾಗಿ, ತಣ್ಣಗಾದ ಟೀಯನ್ನೇ ಎರಡು ಲೋಟ ಕುಡಿದ. ಮೂರನೆಯದಕ್ಕೆ ಕೈ ಚಾಚಿದಾಗ ಏನೋ ಹೊಳೆಯಿತು.

"ಹಾಗಾದ್ರೆ ಆ ಬೆಟ್ಟದ ಭಾಷೆ?"

"ಅದನ್ನೂ ಆವತ್ತೇ ನೋಡಿದ್ದೆ," ಎಂದಳು ಲೋಟಗಳನ್ನು ಎತ್ತಿಕೊಳ್ಳುತ್ತಾ. "ಅದರಲ್ಲಿ ನಿಮ್ಮ ಹೆಸರು ನಿಜವಾಗ್ಲೂ ಇದೆ. ಅರ್ಥ ಮಾತ್ರ ಬೇರೆ. ಹೇಳಲಾ?"

ಬೇಡವೇ ಬೇಡ ಎಂದು ಅವನು ಕೈ ಮುಗಿದ.

ಮಾರನೇ ದಿನ ಬೋರ್ಡಿನ ಕೆಳಗೆ ನಿಂತು ಅಂಗಡಿ ತೆರೆದವನ ಗಲ್ಲಕ್ಕೆ ಹತ್ತಿ ಅಂಟಿತ್ತು. ಸ್ವಂತ ಗಡ್ಡ ಹೆರೆದುಕೊಳ್ಳುವಾಗ, ಹದಿನೆಂಟು ವರ್ಷದಲ್ಲಿ ಮೊದಲ ಸಲ, ಕೈ ನಡುಗಿತ್ತು.