ಬ್ರೇಕ್‌ನಲ್ಲಿದ್ದ ಜವಾನ

ಸಮಯ: ಬೆಳಿಗ್ಗೆ ಹನ್ನೊಂದು. ಹವೆ: ಜೂನ್ ತಿಂಗಳ ಬಿಸಿಗಾಳಿ, ಕೂಲರ್‌ನಲ್ಲಿ ಸದ್ದುಂಟು, ನೀರಿಲ್ಲ. ಸ್ಥಳ: ದೆಹಲಿಯ ಒಂದು ಕಾರ್ಮಿಕ ನ್ಯಾಯಾಲಯ. ಹಾಜರಿದ್ದವರು: ನ್ಯಾಯಾಧೀಶರು, ಉಭಯ ಪಕ್ಷಗಳ ವಕೀಲರು, ನಮ್ಮ ಕಚೇರಿಯ ನಿರ್ದೇಶಕರು, ಆಡಳಿತಾಧಿಕಾರಿಯಾದ ನಾನು, ಜನಕಪುರಿಯಿಂದ ಬಂದಿದ್ದ ನಮ್ಮ ಹೆಡ್ ಕ್ಲರ್ಕ್ ಆದ ಹಾಸನದ ಹೆಣ್ಣುಮಗಳು, ಮತ್ತು ನಮ್ಮ ಮೇಲೆಯೇ ದಾವೆ ಹೂಡಿದ್ದ ನಮ್ಮ ತಾತ್ಕಾಲಿಕ ಜವಾನ.

ಹಾಜರಿ ತೆಗೆದುಕೊಳ್ಳದೆ ನಾನು ಯಾವ ಕೆಲಸವನ್ನೂ ಆರಂಭಿಸಿದವನಲ್ಲ. ಆದರೆ ಶಿಸ್ತು ಹೆಚ್ಚಿದ ಕಚೇರಿಯಲ್ಲಿಯೇ ನಗೆಪಾಟಲೂ ಹೆಚ್ಚು. ನಮ್ಮಲ್ಲಿ ಅದು ಆರು ತಿಂಗಳಿಗೊಮ್ಮೆ, ತಪ್ಪದೆ. ಕಾರಣ ಒಂದೇ: ಬ್ರೇಕ್.

ವರ್ಷದಲ್ಲಿ ಇನ್ನೂರ ನಲವತ್ತು ದಿನ ಸತತವಾಗಿ ದುಡಿದವನನ್ನು ನೋಟಿಸ್, ಪರಿಹಾರಗಳಿಲ್ಲದೆ ತೆಗೆಯಬಾರದೆಂದು ಕಾನೂನು. ಆ ‘ಸತತ’ ಎಂಬುದನ್ನು ತುಂಡರಿಸಲು ಮೇಲಿನವರು ಕಂಡುಕೊಂಡ ಉಪಾಯವೇ ಬ್ರೇಕ್. ಆರು ತಿಂಗಳಾದೊಡನೆ ಕರಾರು ಮುಗಿಸುವುದು. ಎರಡು ದಿನ ಮನೆಗೆ ಕಳಿಸುವುದು. ಹೊಸದಾಗಿ ಸಂದರ್ಶನ ನಡೆಸಿ ಅದೇ ಮನುಷ್ಯನನ್ನು ಸೇರಿಸಿಕೊಳ್ಳುವುದು. ಘಾಜಿಯಾಬಾದಿನಿಂದ ರೈಲಿನಲ್ಲಿ ಬರುತ್ತಿದ್ದ ಆ ಜವಾನ ಹೀಗೆ ಹಲವಾರು ವರ್ಷ ಹೊಸಬನಾಗಿದ್ದ.

ಹೆಸರು ಕೂಗಿದ್ದು

ಸಂದರ್ಶನದಲ್ಲಿ ಅಭ್ಯರ್ಥಿಯ ಹೆಸರನ್ನು ಜವಾನನು ಮೂರು ಬಾರಿ ಕೂಗತಕ್ಕದ್ದು. ಇದು ನಾನು ಹಾಕಿದ ನಿಯಮ. ಒಮ್ಮೆ ಅಭ್ಯರ್ಥಿ ಈತನೊಬ್ಬನೇ. ಬೆಳಿಗ್ಗೆಯೇ ಬಂದು ಕುರ್ಚಿ ಒರೆಸಿದ, ನೀರಿಟ್ಟ, ಬಾಗಿಲಲ್ಲಿ ನಿಂತ. ನಾನು ಗಂಟೆ ಒತ್ತಿದೆ. ಖಾಲಿ ಕಾರಿಡಾರಿಗೆ ಮುಖ ಮಾಡಿ ತನ್ನ ಹೆಸರನ್ನು ಮೂರು ಬಾರಿ ಗಟ್ಟಿಯಾಗಿ ಕೂಗಿದ. ಬಳಿಕ ಟೋಪಿ ತೆಗೆದು ಕಂಕುಳಲ್ಲಿಟ್ಟುಕೊಂಡು ಒಳಗೆ ಬಂದು ಕೈಮುಗಿದ.

“ಇದೇನು ನಾಟಕ? ನೇರವಾಗಿ ಬರಬಾರದೆ?” ಎಂದೆ.

“ಕೂಗದೆ ಯಾರನ್ನೂ ಒಳಗೆ ಬಿಡಬೇಡ ಅಂತ ಹೇಳಿದ್ದು ನೀವೇ ಅಲ್ಲವೆ, ಸಾಬ್? ಎರಡು ಸಲ ಕೂಗಿದಾಗ ನಾನೂ ಬರಲಿಲ್ಲ.”

ಬೀಳ್ಕೊಡುಗೆ

ಕರಾರು ಮುಗಿದವರಿಗೆ ಬೀಳ್ಕೊಡುಗೆ ಕೊಡುವುದು ನಮ್ಮ ಕಚೇರಿಯ ಸಂಪ್ರದಾಯ. ಆದ್ದರಿಂದ ಆರು ತಿಂಗಳಿಗೊಮ್ಮೆ ಈತನಿಗೆ ಶಾಲು. ಸ್ಟೋರಿನಿಂದ ಶಾಲು ತರುವವನು ಅವನೇ; ಸಮಾರಂಭದ ನಂತರ ಮಡಿಸಿ ಸ್ಟೋರಿಗೆ ಹಿಂತಿರುಗಿಸುವವನೂ ಅವನೇ. “ಈತನಿಲ್ಲದೆ ಕಚೇರಿ ಬರಿದಾಗಲಿದೆ” ಎಂದು ನಿರ್ದೇಶಕರು ಪ್ರತಿ ಸಲವೂ ಗದ್ಗದಿತರಾಗುವರು.

“ಸಾರ್, ಆ ಶಾಲನ್ನ ಈ ಸಲವಾದರೂ ಒಗೆಸೋಣ, ಪಾಪ ಅವನಿಗೆ ಸೀನು ಬರತ್ತೆ” ಎಂದು ಹೆಡ್ ಕ್ಲರ್ಕ್ ಒಮ್ಮೆ ನನ್ನ ಕಿವಿಯಲ್ಲಿ ಹೇಳಿದರು.

ಅಂದು ಜವಾನ ಮಾತ್ರ ತಟ್ಟೆ ನೋಡುತ್ತ ಬೇಸರಿಸಿಕೊಂಡ: “ಸಾಬ್, ಹೋದ ಸಲ ಹೋಗುವಾಗ ಗುಲಾಬ್ ಜಾಮೂನು ಇತ್ತು. ಈ ಸಲ ಬರೀ ಸಮೋಸಾ. ನನ್ನ ಕೆಲಸದಲ್ಲಿ ಏನಾದರೂ ಕೊರತೆಯಾಯಿತೆ?”

ಅತಿಥಿ

ಒಂದು ಬ್ರೇಕ್ ದಿನ ನಿರ್ದೇಶಕರು ಫೋನ್ ಮಾಡಿ ಆತನನ್ನು ಕರೆಸಿದ್ದರು. ನಾನು ಬಾಗಿಲಲ್ಲೇ ತಡೆದೆ.

“ಇವತ್ತು ನೀನು ನೌಕರನಲ್ಲ. ಕೆಲಸ ಮುಟ್ಟಕೂಡದು.”

“ಅಚ್ಛಾ ಸಾಬ್” ಎಂದು ಸಂದರ್ಶಕರ ಸೋಫಾದ ಮೇಲೆ ಕಾಲು ಚಾಚಿ ಕುಳಿತ. ಒಳಗಿನಿಂದ ಗಂಟೆಯ ಸದ್ದಾಯಿತು. ಏಳಲಿಲ್ಲ. ಮತ್ತೆ ಸದ್ದಾಯಿತು. ನನ್ನ ಮುಖ ನೋಡಿ ಮುಗುಳ್ನಕ್ಕ. ನಿರ್ದೇಶಕರೇ ಹೊರಬಂದು, ಸೋಫಾದಲ್ಲಿರುವವನು ಯಾರೆಂದು ಸರಿಯಾಗಿ ನೋಡದೆ, “ಸಂದರ್ಶಕರು ಕೂತಿದ್ದಾರೆ, ಚಹಾ ಕೊಟ್ಟಿಲ್ಲವೇನ್ರಿ?” ಎಂದು ನನ್ನನ್ನೇ ಗದರಿಸಿದರು. ಸಂದರ್ಶಕರಿಗೆ ಚಹಾ ಕೊಡತಕ್ಕದ್ದು. ಅದೂ ನನ್ನದೇ ನಿಯಮ. ಆದರೆ ಮಾಡುವವರು ಯಾರು?

ಕೊನೆಗೆ ಆತನೇ ಎದ್ದ. ಮೂರು ಲೋಟ ಚಹಾ ಮಾಡಿದ. ನಿರ್ದೇಶಕರಿಗೊಂದು, ನನಗೊಂದು ಕೊಟ್ಟು, ಮೂರನೆಯದನ್ನು ಸೋಫಾದ ಮುಂದಿಟ್ಟು, ಸುತ್ತಿ ಬಂದು ಕುಳಿತು ಕುಡಿದ.

“ನಿಮ್ಮಲ್ಲಿ ಅತಿಥಿ ಸತ್ಕಾರ ಬಹಳ ಚೆನ್ನಾಗಿದೆ, ಸಾಬ್.”

ತೀರ್ಮಾನ

ಆಮೇಲೊಂದು ವರ್ಷ, ಜವಾನರ ಕೆಲಸವನ್ನು ಗುತ್ತಿಗೆದಾರರಿಗೆ ವಹಿಸಬೇಕೆಂದು ಮೇಲಿನಿಂದ ಆದೇಶ ಬಂತು. ಬ್ರೇಕ್ ಕೊಟ್ಟೆವು, ಕರಾರು ನವೀಕರಿಸಲಿಲ್ಲ. ಎಂದಿನಂತೆ ಶಾಲು, ಸಮೋಸಾ ಆಗಿದ್ದರಿಂದ ಯಾರಿಗೂ ಅದು ನಿಜವಾದ ವಿದಾಯವೆನಿಸಲಿಲ್ಲ. ಎರಡು ದಿನ ಬಿಟ್ಟು ಆತ ಬಂದಾಗ ಸ್ಟೂಲಿನ ಮೇಲೆ ಬೇರೊಬ್ಬ ಕುಳಿತಿದ್ದ. ತಲೆಗೂದಲು ನರೆತವನಿಗೆ ಇನ್ನೆಲ್ಲಿ ಕೆಲಸ? “ಸುಮ್ಮನೆ ಕೂರಬೇಡಿ ಭಯ್ಯಾ, ಲೇಬರ್ ಕೋರ್ಟಿಗೆ ಹೋಗಿ” ಎಂದು ಹೆಡ್ ಕ್ಲರ್ಕ್ ನನ್ನೆದುರೇ ಹೇಳಿದರು. ಅದಕ್ಕೆ ಅಡ್ಡಿಪಡಿಸುವ ನಿಯಮ ನನಗೆ ಸಿಗಲಿಲ್ಲ, ಹುಡುಕಲೂ ಇಲ್ಲ.

ಆ ಜೂನ್ ಬೆಳಿಗ್ಗೆ ನಿರ್ದೇಶಕರು ಕಟಕಟೆಯಲ್ಲಿ ನಿಂತು ಕಲಿತದ್ದನ್ನು ಒಪ್ಪಿಸಿದರು: “ಪ್ರತಿ ನೇಮಕವೂ ಹೊಸದು, ಜನಾಬ್. ಸೇವೆ ಸತತವಲ್ಲ. ಈ ವ್ಯಕ್ತಿಗೂ ನಮಗೂ ಈಗ ಯಾವ ಸಂಬಂಧವೂ...” ಅಷ್ಟರಲ್ಲಿ ಗಂಟಲು ಒಣಗಿ ಕೆಮ್ಮು ಬಂತು. ತಿರುಗಿಯೂ ನೋಡದೆ ಕೈ ಹಿಂದಕ್ಕೆ ಚಾಚಿ, “ಅರೆ ಭಯ್ಯಾ, ಪಾನಿ!” ಎಂದರು.

ಎದುರು ಪಕ್ಷದ ಬೆಂಚಿನಿಂದ ಅರ್ಜಿದಾರ ಎದ್ದ. ಹೂಜಿಯಿಂದ ಲೋಟಕ್ಕೆ ನೀರು ಬಗ್ಗಿಸಿ, ಚಾಚಿದ ಕೈಗೆ ಕೊಟ್ಟು, ಅವರು ಕುಡಿದು ಮುಗಿಸುವವರೆಗೆ ನಿಂತು, ಲೋಟ ಹಿಂದಕ್ಕೆ ಪಡೆದು ತನ್ನ ಜಾಗಕ್ಕೆ ಮರಳಿದ. ಅವನ ವಕೀಲರು ತಲೆಯ ಮೇಲೆ ಕೈಯಿಟ್ಟುಕೊಂಡರು.

ನ್ಯಾಯಾಧೀಶರು ಕನ್ನಡಕ ತೆಗೆದರು.

“ನೀರು ಕೊಟ್ಟವರು ಯಾರು?”

“ಅರ್ಜಿದಾರರು, ಜನಾಬ್.”

“ನಿಮಗೂ ಅವರಿಗೂ ಸಂಬಂಧವಿಲ್ಲವೆಂದಿರಿ. ಈಗ ಅವರು ನಿಮ್ಮ ಕೆಲಸದಲ್ಲಿಲ್ಲವೆ?”

ನಿರ್ದೇಶಕರು ವರ್ಷಗಟ್ಟಲೆ ರೂಢಿಯಾದ ಉತ್ತರವನ್ನೇ ಕೊಟ್ಟುಬಿಟ್ಟರು:

“ಇದ್ದಾರೆ, ಜನಾಬ್. ಬ್ರೇಕ್‌ನಲ್ಲಿದ್ದಾರೆ.”

ನಮ್ಮ ವಕೀಲರು ಕಣ್ಣು ಮುಚ್ಚಿದರು. ಹೆಡ್ ಕ್ಲರ್ಕ್ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ನಾನು ಎಂದಿನಂತೆ ನೆಟ್ಟಗೆ ಕುಳಿತಿದ್ದೆ. ಮೀಸೆ ಮಾತ್ರ ನನ್ನ ಹತೋಟಿಯಲ್ಲಿರಲಿಲ್ಲ.

ನ್ಯಾಯಾಧೀಶರು ಕನ್ನಡಕ ಮತ್ತೆ ಧರಿಸಿ, ಜವಾನನ ಕಡೆ ನೋಡಿ, ಇಡೀ ಕೋಣೆಗೆ ಕೇಳುವಂತೆ ಹೇಳಿದರು:

“ಬ್ರೇಕ್ ಮುಗಿಯಿತು. ನಾಳೆಯಿಂದ ಕೆಲಸಕ್ಕೆ ಹಾಜರಾಗಿ.”