ಗಸಗಸೆ ಪಾಯಸ ಮತ್ತು ನಲವತ್ಮೂರು ನಿಮಿಷ

ಫೆಬ್ರವರಿ 9, ಭಾನುವಾರ. ಬೆಳಿಗ್ಗೆ 6 ಗಂಟೆ 10 ನಿಮಿಷ. ಗಸಗಸೆ ನೆನೆಹಾಕಿದೆ.

ಆ ದಿನದ ನನ್ನ ದಿನಚರಿ ಹೀಗೆ ಶುರುವಾಗುತ್ತದೆ. ಮುಂದಿನದನ್ನು ಹೇಳುವ ಮೊದಲು ಒಂದು ವಿಷಯ ಒಪ್ಪಿಕೊಂಡುಬಿಡುತ್ತೇನೆ: ನನಗೆ ಎಣಿಸುವ ಚಟವಿದೆ. ಕೆಲವರು ಉಗುರು ಕಚ್ಚುತ್ತಾರೆ, ನಾನು ಎಣಿಸುತ್ತೇನೆ. ನಮ್ಮ ಮನೆಯ ಮಹಡಿಗೆ ಹದಿನೇಳು ಮೆಟ್ಟಿಲು. ಅಪ್ಪನ ಸೀನು ಮೂರರ ಗುಂಪಿನಲ್ಲಿ ಬರುತ್ತದೆ. ನಾಲ್ಕನೆಯದು ಬಂದರೆ ಅದು ನೆಗಡಿ. ಅವ್ವ ಫೋನಿನಲ್ಲಿ ‘ಇಡ್ತೀನಿ’ ಎಂದ ಮೇಲೆ ನಿಜಕ್ಕೂ ಇಡುವ ಮೊದಲು ಸರಾಸರಿ ಆರು ಸಲ ‘ಇಡ್ತೀನಿ’ ಎನ್ನುತ್ತಾಳೆ. ಇದನ್ನೆಲ್ಲ ತಾರೀಖು ಹಾಕಿ ಬರೆದಿಟ್ಟಿದ್ದೇನೆ. ಯಾರಿಗೆ ಬೇಕು ಅಂತ ಕೇಳಬೇಡಿ, ಮನೆಯವರು ಕೇಳಿ ಕೇಳಿ ಸಾಕಾಗಿ ಬಿಟ್ಟಿದ್ದಾರೆ.

ನನ್ನ ಅದೃಷ್ಟಕ್ಕೆ ಕೆಲಸವೂ ಎಣಿಸುವುದೇ ಸಿಕ್ಕಿತು. ದಾವಣಗೆರೆಯ ಒಂದು ಸಣ್ಣ ಬೀಜ ಪರೀಕ್ಷಾ ಕೇಂದ್ರದಲ್ಲಿ ನಾನಿದ್ದೇನೆ. ಮೆಕ್ಕೆಜೋಳದ ಬೀಜಗಳನ್ನು ನೂರು ನೂರರಂತೆ ಒದ್ದೆ ಕಾಗದದ ಮೇಲೆ ಸಾಲಾಗಿ ಇಟ್ಟು, ಸುತ್ತಿ, ನಾಲ್ಕನೆಯ ದಿನ ಒಮ್ಮೆ, ಏಳನೆಯ ದಿನ ಒಮ್ಮೆ ಬಿಚ್ಚಿ ಎಷ್ಟು ಮೊಳೆತವು ಎಂದು ಬರೆಯುವುದು. ಕೇಳುವುದಕ್ಕೆ ಏನೂ ಇಲ್ಲದ ಕೆಲಸ. ಆದರೆ ಆ ಸುರುಳಿ ಬಿಚ್ಚುವಾಗ ಪ್ರತಿ ಸಲವೂ ನನ್ನ ಉಸಿರು ಒಂದು ಕ್ಷಣ ನಿಲ್ಲುತ್ತದೆ. ಮದುವೆಯಾದ ಮೇಲೂ ಈ ಕೆಲಸ ಬಿಡುವುದಿಲ್ಲ ಎಂಬುದು ನನ್ನ ಒಂದೇ ಹಟ. ಅದಕ್ಕೆ ಒಪ್ಪಿಗೆಯಿದೆಯೇ ಎಂದು ಹುಡುಗನ ಬಾಯಿಂದಲೇ ಕೇಳಿ ತಿಳಿಯಬೇಕು ಎಂಬುದು ಅದರ ಬಾಲ.

ಅದಕ್ಕೆ ಅವಕಾಶವೇ ಸಿಗುತ್ತಿರಲಿಲ್ಲ. ಹೆಣ್ಣು ನೋಡಲು ಬಂದಾಗ ಯಾರಾದರೂ ಹಿರಿಯರು ದೊಡ್ಡ ಮನಸ್ಸು ಮಾಡಿ ‘ಐದ್ ನಿಮಿಷ ಮಾತಾಡ್ಕಳ್ಳಿ’ ಎನ್ನುತ್ತಾರಲ್ಲ, ಆ ಐದು ನಿಮಿಷ ಎಂದೂ ಐದು ಇರುವುದಿಲ್ಲ. ಮೊದಲನೆಯ ಸಲ ನಾಲ್ಕು ಸಿಕ್ಕಿತು; ಮೂರು ನಿಮಿಷ ಹುಡುಗ ಫ್ಯಾನ್ ನೋಡಿದ, ಒಂದು ನಿಮಿಷ ನಾನು ನೋಡಿದೆ. ಎರಡನೆಯ ಸಲ ಆರು. ಆದರೆ ಹುಡುಗನ ಅಕ್ಕ ಬಾಗಿಲಲ್ಲೇ ನಿಂತು ನಮ್ಮ ಪರದೆಯ ಬಟ್ಟೆ ಎಲ್ಲಿ ತಂದಿದ್ದೆಂದು ವಿಚಾರಿಸುತ್ತಿದ್ದಳು. ಎರಡೂ ಸಲ ನನ್ನ ಪ್ರಶ್ನೆ ಹಿರಿಯರ ಮೂಲಕ ಹೋಗಿ, ‘ಕೆಲಸ ಗಿಲಸ ಯಾಕ, ನಮ್ಮನ್ಯಾಗ ಏನ್ ಕಮ್ಮಿ ಐತೆ?’ ಎಂಬ ಉತ್ತರವಾಗಿ ಹಿರಿಯರ ಮೂಲಕವೇ ವಾಪಸು ಬಂತು. ಎರಡೂ ಅಲ್ಲಿಗೆ ಮುಗಿದವು.

ಮೂರನೆಯದು ಹರಿಹರದ್ದು. ಹುಡುಗನ ಹೆಸರು ವೀರೇಶ; ಪಂಪ್‌ಸೆಟ್ ಮೋಟಾರುಗಳಿಗೆ ತಂತಿ ಸುತ್ತಿ ರಿಪೇರಿ ಮಾಡುವ ಅಂಗಡಿ. ಆ ಮನೆಯಲ್ಲಿ ಕೊನೆಯ ಮಾತು ನಂದಿಗುಡಿಯ ಸೋದರಮಾವನದಂತೆ. ಭಾನುವಾರ ರಾಹುಕಾಲ ನಾಲ್ಕೂವರೆಗೆ. ಅಷ್ಟರೊಳಗೆ ಮಾತು ಮುಗಿಯಬೇಕು. ಮುಗಿಯದಿದ್ದರೆ ‘ಇನ್ನೊಂದಿನ ನೋಡಾಣ’ ಎನ್ನುತ್ತಾರೆ. ಆ ಇನ್ನೊಂದು ದಿನ ಯಾವ ಕ್ಯಾಲೆಂಡರಿನಲ್ಲೂ ಇರುವುದಿಲ್ಲ.

ಊಟಕ್ಕೆ ಏನು ಮಾಡಬೇಕೆಂದು ತೀರ್ಮಾನಿಸಲು ಆರು ದಿನ ಮೊದಲೇ ಲೋಕಿಕೆರೆಯಿಂದ ದೊಡ್ಡವ್ವ ಬಂದಿದ್ದಳು. ಅಪ್ಪನ ಅಣ್ಣನ ಹೆಂಡತಿ. ನಮ್ಮ ಮನೆತನದ ಅಡುಗೆಗೂ ಔಷಧಿಗೂ ಅವಳೇ ಮುಖ್ಯಸ್ಥೆ.

“ಹೋಳಿಗೆ ಮಾಡಾಣ ಅಂದ್ರೆ ಬ್ಯಾಡ ಅಂತೀಯಲ್ಲಕ್ಕ, ಯಾಕ?” ಎಂದಳು ಅವ್ವ.

“ಹೋಳಿಗೆ ತಿಂದೋರು ವಾದ ಮಾಡ್ತಾರೆ. ಗಸಗಸೆ ಕುಡ್ದೋರು ತಲೆ ಆಡಿಸ್ತಾರೆ. ನಿಂಗೆ ಯಾವ್ದು ಬೇಕು?”

ಅವ್ವ ತಲೆ ಆಡಿಸಿದಳು, ಗಸಗಸೆ ಕುಡಿಯುವ ಮೊದಲೇ.

ಆ ಸಂಜೆ ನಾನು ನೋಟ್‌ಬುಕ್ಕು ಹಿಡಿದು ದೊಡ್ಡವ್ವನ ಎದುರು ಕುಳಿತೆ. ಗಸಗಸೆ ಎಂದರೆ ಕರಜೀಕಾಯಿಯ ಹೂರಣದಲ್ಲಿ ಕೊಬ್ಬರಿಯ ಜೊತೆ ಹಲ್ಲಿಗೆ ಸಿಗುವ ಮರಳು, ಅತ್ರಾಸದ ಮೈಮೇಲಿನ ಚುಕ್ಕಿ, ಇಷ್ಟೇ ನನಗೆ ಗೊತ್ತಿದ್ದದ್ದು. ಅವಳು ಹೇಳುತ್ತಾ ಹೋದಂತೆ ನನ್ನ ಕೈ ಸೋತಿತು. ಬಾಣಂತಿಯ ಅಂಟಿನುಂಡೆಗೆ ಅದು ಬೇಕು, ಸೊಂಟಕ್ಕೆ ಬಲ. ಉಷ್ಣವಾಗಿ ಕಣ್ಣುರಿ ಬಂದರೆ ಹಾಲಿನಲ್ಲಿ ಅರೆದು ಕುಡಿಸುತ್ತಾರೆ. ಹೊಟ್ಟೆ ಕೆಟ್ಟು ನಿಲ್ಲದಿದ್ದರೆ ಹುರಿದು ಪುಡಿ ಮಾಡಿ ಮಜ್ಜಿಗೆಯಲ್ಲಿ ಕೊಡುತ್ತಾರೆ. ತಲೆಯ ಹೊಟ್ಟಿಗೆ ಅರೆದು ಹಚ್ಚುತ್ತಾರೆ, ತಲೆನೋವಿಗೆ ಹಣೆಗೆ ಪಟ್ಟು ಹಾಕುತ್ತಾರೆ, ಸಾಗುವಿಗೆ ಹಾಕಿದರೆ ರಸ ಗಟ್ಟಿಯಾಗಿ ಘಮ ಬೇರೆಯೇ ಆಗುತ್ತದೆ. ಅವಳ ಅಜ್ಜಿಯ ಕಾಲದಲ್ಲಿ ಬೇರು ನಾರು ಮಾರುವ ಗ್ರಂಧಿಗೆ ಅಂಗಡಿಯಲ್ಲಿ ಒಣಗಿದ ಗಸಗಸೆ ಕಾಯಿಯೇ ಸಿಗುತ್ತಿತ್ತಂತೆ. ಹಲ್ಲುನೋವಿಗೆ ಅದರ ಸಿಪ್ಪೆ ಕುದಿಸಿ ಬಾಯಿ ಮುಕ್ಕಳಿಸುತ್ತಿದ್ದರಂತೆ.

“ಈಗ ಆ ಕಾಯಿ ಕೇಳಿದ್ರೆ ಅಂಗಡಿಯೋನು ನಿನ್ನ ಮುಖ ನೋಡಲ್ಲ, ಪೊಲೀಸ್ ಸ್ಟೇಷನ್ ಕಡೆ ನೋಡ್ತಾನೆ,” ಎಂದಳು ದೊಡ್ಡವ್ವ.

ಅದು ನಿಜ. ಕಾಯಿಯನ್ನು ಗೀರಿದರೆ ಬರುವ ಹಾಲೇ ಅಫೀಮು. ಅದನ್ನು ಬೆಳೆಯಲು ಸರ್ಕಾರದ ಪರವಾನಗಿ ಬೇಕು, ನಮ್ಮ ಕಡೆ ಯಾರೂ ಬೆಳೆಯುವುದಿಲ್ಲ. ದೊಡ್ಡ ದೊಡ್ಡ ಆಸ್ಪತ್ರೆಗಳಲ್ಲಿ ತಡೆಯಲಾರದ ನೋವಿಗೆ ಕೊಡುವ ಔಷಧಿಯ ಮೂಲವೂ ಆ ಹಾಲೇ. ಅದೇ ಕಾಯಿಯ ಹೊಟ್ಟೆಯೊಳಗೆ ಅಮಲಿನ ಗಾಳಿ ಸೋಕದವರ ಹಾಗೆ ಕುಳಿತಿರುವ ಬೀಜ ನಮ್ಮ ಅಡುಗೆಮನೆಯ ಡಬ್ಬಿಗೆ ಬರುತ್ತದೆ. ಇಲ್ಲಿ ಪಾಯಸವಾಗುವ ಈ ಬೀಜ ಕೊಲ್ಲಿ ದೇಶಕ್ಕೆ ಹೋಗುವವರ ಪೆಟ್ಟಿಗೆಯಲ್ಲಿ ಸಿಕ್ಕಿದರೆ ಜೈಲು. ಒಂದೇ ಗಿಡದಲ್ಲಿ ಬಾಣಂತಿಯ ಉಂಡೆ, ಆಸ್ಪತ್ರೆಯ ಸೂಜಿ, ಪೊಲೀಸರ ಕೋಳ! ನಾನು ಪೆನ್ನು ಕೆಳಗಿಟ್ಟು ಡಬ್ಬಿಯ ಮುಚ್ಚಳ ತೆಗೆದು ನೋಡಿದೆ.

ಅಷ್ಟಕ್ಕೇ ಬಿಟ್ಟಿದ್ದರೆ ನಾನು ನಾನಲ್ಲ. ಪಾಯಸದ ಸುದ್ದಿ ಬಂದ ವಾರದಲ್ಲೇ ಎರಡು ಮಧ್ಯಾಹ್ನದ ಬಿಡುವು ಖರ್ಚು ಮಾಡಿ, ಕಚೇರಿಯಲ್ಲಿ ಚಿಮಟಿಗೆಯಿಂದ ಸಾವಿರ ಗಸಗಸೆ ಎಣಿಸಿ ತೂಗಿದ್ದೆ. ಸಾವಿರ ಮೆಕ್ಕೆಜೋಳ ಮುನ್ನೂರು ಗ್ರಾಂ ಹತ್ತಿರ ತೂಗುತ್ತದೆ. ಸಾವಿರ ಗಸಗಸೆ ಗ್ರಾಮಿನ ಮೂರನೆಯ ಒಂದು ಪಾಲನ್ನೂ ಮುಟ್ಟಲಿಲ್ಲ. ಮಧ್ಯೆ ಪಕ್ಕದ ಮೇಜಿನವಳು ಸೀನಿದ್ದರಿಂದ ಆರುನೂರ ಹನ್ನೆರಡರಲ್ಲಿ ಮತ್ತೆ ಮೊದಲಿನಿಂದ ಶುರುಮಾಡಬೇಕಾಯಿತು, ಅದನ್ನೂ ಬರೆದಿದ್ದೇನೆ. ಲೆಕ್ಕ ಹಾಕಿದರೆ, ಭಾನುವಾರದ ಪಾಯಸಕ್ಕೆ ನಾನು ತೂಗಿ ನೆನೆಹಾಕಿದ ನೂರೈವತ್ತು ಗ್ರಾಮಿನಲ್ಲಿ ನಾಲ್ಕೂವರೆ ಲಕ್ಷಕ್ಕೂ ಹೆಚ್ಚು ಬೀಜ. ಇಡೀ ದಾವಣಗೆರೆ ಊರಿನ ಜನ ಒಂದು ಬಟ್ಟಲಿನಲ್ಲಿ ನೀರು ಕುಡಿಯುತ್ತಾ ಕುಳಿತಂತೆ ಕಂಡಿತು.

ಬೆಳಿಗ್ಗೆ ಎಂಟಕ್ಕೆ ಒರಳಿನ ಹತ್ತಿರ ಹೋದರೆ ಅಲ್ಲಿ ಇನ್ನೊಂದು ದಾವಣಗೆರೆ ನೆನೆದು ಕುಳಿತಿತ್ತು. ನನ್ನ ತೂಕದ ಮೇಲೆ ನಂಬಿಕೆಯಿಲ್ಲದ ದೊಡ್ಡವ್ವ ಐದು ಗಂಟೆಗೇ ಎದ್ದು ತನ್ನ ಮುಷ್ಟಿಯ ಅಳತೆಯಲ್ಲಿ ಬೇರೆ ನೆನೆಹಾಕಿದ್ದಳು.

“ಒಂದು ಸಾಕಲ್ಲ ದೊಡ್ಡವ್ವ? ಇನ್ನೊಂದು ತೆಗೆದಿಡೋಣ.”

“ನೆನೆಸಿದ್ದು ತೆಗೆದಿಡಕ್ಕಾಗಲ್ಲ, ಹುಳಿ ಬರ್ತದೆ. ಬೀಗರು ಬರೋ ಮನ್ಯಾಗ ಕೈ ಬಿಗಿ ಹಿಡೀಬಾರ್ದು ಕಣೇ,” ಎಂದು ಎರಡನ್ನೂ ಸೇರಿಸಿ, ನೆನೆದ ಅಕ್ಕಿ, ಹಸಿ ಕೊಬ್ಬರಿ ಹಾಕಿ ರುಬ್ಬಿದಳು. ಬೆಲ್ಲದ ಪಾಕಕ್ಕೆ ಅದು ಬಿದ್ದು ಕುದಿದಾಗ ಬಂದ ವಾಸನೆಯನ್ನು ನಾನು ಯಾವ ಅಂಕಿಯಲ್ಲೂ ಬರೆಯಲಾರೆ. ಮೇಲೆ ಹಾಲು, ಏಲಕ್ಕಿ. ಬೀದಿಯಲ್ಲಿ ಹೋಗುತ್ತಿದ್ದವರು ನಿಧಾನವಾದದ್ದನ್ನು ಕಿಟಕಿಯಿಂದ ನೋಡಿದೆ, ಹನ್ನೊಂದು ಜನ.

ಅವರು ಏಳು ಮಂದಿ ಬಂದರು: ವೀರೇಶ, ಅವನ ತಂದೆ ತಾಯಿ, ಅಕ್ಕ ಭಾವ, ನಂದಿಗುಡಿಯ ಮಾವ ಮತ್ತು ಮಾವನ ಹೆಂಡತಿ. ಒಂದೂಕಾಲಿಗೆ ಎಲೆ ಹಾಕಿದೆವು. ನಮ್ಮ ಕಡೆ ಬೀಗರಿಗೆ ಬಡಿಸುವುದೆಂದರೆ ಒಂದು ಥರದ ಕುಸ್ತಿ. ಅವರು ಸಾಕು ಎನ್ನಬೇಕು, ನಾವು ಕೇಳಿಸಿಕೊಳ್ಳಬಾರದು. ಲೋಟದ ಮೇಲೆ ಕೈ ಅಡ್ಡ ಹಿಡಿದರೆ ಬೆರಳ ಸಂದಿಯಲ್ಲೇ ಸುರಿಯುವ ಧೈರ್ಯ ದೊಡ್ಡವ್ವನಿಗಿತ್ತು.

“ಅರ್ಧ ಬಿಡ್ರಿ ಅವ್ವಾರೆ, ಅರ್ಧ!”

“ಅರ್ಧ ಬಿಟ್ರೆ ಮದ್ವೇನೂ ಅರ್ಧಕ್ಕೆ ನಿಲ್ತದೆ, ಕುಡೀರಿ.”

ಇದಾದ ಮೇಲೆ ಯಾರಿಗೆ ಬೇಡವೆನ್ನುವ ಧೈರ್ಯ? ಮಾವ ಐದು ಲೋಟ. ತಂದೆ ಮತ್ತು ಭಾವ ನಾಲ್ಕು ನಾಲ್ಕು. ಹೆಂಗಸರು ತಲಾ ಮೂರು. ವೀರೇಶ ಮಾತ್ರ ಒಂದಕ್ಕೆ ಎದ್ದ: “ಗಾಡಿ ಓಡ್ಸೋದು ನಾನ್ರಿ, ನನ್ನ ಬಿಟ್ಬಿಡ್ರಿ.” ಒಟ್ಟು ಇಪ್ಪತ್ಮೂರು.

2.05ಕ್ಕೆ ಭಾವ ಗೋಡೆಗೆ ಒರಗಿದರು. 2.11ಕ್ಕೆ ಅಕ್ಕ, ಪರದೆಗಳ ಬಗ್ಗೆ ಏನೂ ಕೇಳದೆ. 2.20ಕ್ಕೆ ಮಾವ ಗಂಟಲು ಸರಿಮಾಡಿಕೊಂಡು, “ನಮ್ ಕಡೆ ಏನು ಅಂದ್ರೆ...” ಎಂದರು. ನಾವೆಲ್ಲ ಉಸಿರು ಹಿಡಿದೆವು. ಅವರ ಗಲ್ಲ ಎದೆಗೆ ತಾಗಿತು. ಮುಂದಿನ ಶಬ್ದ ಗೊರಕೆ.

ಅವರ ಕಡೆ ಏನು? ಅದು ತಿಳಿಯದೆ ಅಪ್ಪ ತುದಿಗಾಲಲ್ಲಿ ಗಡಿಯಾರಕ್ಕೂ ಮಾವನಿಗೂ ನಡುವೆ ಓಡಾಡಿದರು.

“ಒಂದ್ ಪಾತ್ರೆ ಬೀಳಿಸ್ಲೇನ್ರಿ?” ಎಂದಳು ಅವ್ವ ಪಿಸುದನಿಯಲ್ಲಿ.

“ಬ್ಯಾಡ ಬ್ಯಾಡ! ಉಂಡು ಮಲಗಿದ ಬೀಗರ್ನ ಎಬ್ಬಿಸಿದ್ರು ಅಂತ ಹರಿಹರದ ತುಂಬ ಹೇಳ್ತಾರೆ.”

ಗಂಡಿನ ಕಡೆಯವರೇ ಎಬ್ಬಿಸುವಂತೆಯೂ ಇರಲಿಲ್ಲ. ಹೆಣ್ಣಿನ ಮನೆಯಲ್ಲಿ ಹಿರಿಯರನ್ನು ಎಬ್ಬಿಸಿ ಹೊರಡಿಸಿದರೆ ಹುಡುಗಿ ಹಿಡಿಸಲಿಲ್ಲ ಎಂದು ಅರ್ಥ. ಹೀಗಾಗಿ ಎರಡೂ ಕಡೆಯವರು ಮರ್ಯಾದೆಯಿಂದ ಕಾಯುತ್ತಾ, ಮರ್ಯಾದೆಯಿಂದಲೇ ಒಬ್ಬೊಬ್ಬರಾಗಿ ಮಲಗಿದರು. ಅಪ್ಪ ಒಂದು ನಿಮಿಷ ಕೂರುತ್ತೇನೆಂದು ಕೂತವರು ಹಾಗೇ ಉಳಿದರು. ದೊಡ್ಡವ್ವ ಸೌಟು ಹಿಡಿದೇ ಕಣ್ಣು ಮುಚ್ಚಿದಳು. ಲಕ್ಷಗಟ್ಟಲೆ ಚುಕ್ಕಿಗಳು ಸದ್ದಿಲ್ಲದೆ ಒಂಬತ್ತು ಜನರನ್ನು ಮಲಗಿಸಿದ್ದನ್ನು ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡಿದೆ. ದೇವರ ಮನೆಯ ಮುಂದೆ ನಿಂತಾಗಲೂ ಅಷ್ಟು ಭಕ್ತಿ ನನಗೆ ಬಂದಿರಲಿಲ್ಲ.

ವೀರೇಶ ತನ್ನ ಲೋಟ ತೊಳೆದಿಟ್ಟು ಬಂದ. “ಐದ್ ನಿಮಿಷ ಮಾತಾಡ್ರಿ ಅಂತ ಹೇಳೋರೇ ಮಲಗ್ಯಾರೆ. ಈಗ ಏನ್ರಿ ಮಾಡೋದು?”

ಎಲ್ಲರಿಗೂ ಕಾಣುವಂತೆ, ಆದರೆ ನೋಡುವವರು ಯಾರೂ ಇಲ್ಲದಂತೆ, ಮಹಡಿಯ ಮೆಟ್ಟಿಲ ಮೇಲೆ ಕೂತೆವು. ಆಗ 2.41. ನಾನು ಬೀಜದ ಸುರುಳಿಗಳ ವಿಷಯ ಹೇಳಿದೆ. ಅವನು ತಂತಿಯ ವಿಷಯ ಹೇಳಿದ: ಸುತ್ತುವಾಗ ಒಂದೊಂದು ಸುತ್ತನ್ನೂ ಎಣಿಸಬೇಕಂತೆ, ಲೆಕ್ಕ ತಪ್ಪಿದರೆ ಮೋಟಾರು ಸುಡುತ್ತದಂತೆ. “ಎಣಿಸ್ವಾಗ ಯಾರಾದ್ರೂ ಮಾತಾಡಿಸಿದ್ರೆ ಕೈ ಎತ್ತಿ ತೋರಿಸ್ತೀನ್ರಿ, ನಮ್ಮವ್ವ ಬಂದ್ರೂ ಅಷ್ಟೇ.” ಚಿಮಟಿಗೆ ಹಿಡಿದು ಮೊದಲಿನಿಂದ ಎಣಿಸಿದ ನನ್ನ ಆರುನೂರ ಹನ್ನೆರಡರ ಕಥೆ ಕೇಳಿ ಅವನು ನಗಲಿಲ್ಲ, ‘ಛೆ’ ಎಂದ. ಐವತ್ಮೂರು ನಿಮಿಷ ಹೀಗೆ ಹೋಯಿತು.

3.34ಕ್ಕೆ ಕೇಳಿಯೇಬಿಟ್ಟೆ: “ನಾನು ಕೆಲಸ ಬಿಡಲ್ಲ. ಅದಕ್ಕೆ ನೀವ್ ಏನಂತೀರಿ?”

ಅವನು ಅಂಗೈ ಉಜ್ಜಿಕೊಂಡ. “ಒಂದ್ ಮಾತಲ್ಲಿ ಹೇಳಿದ್ರೆ ಸುಳ್ಳಾಗ್ತದೆ. ಮೊದ್ಲಿಂದ ಹೇಳ್ತೀನಿ, ಕೇಳ್ರಿ. ನಮ್ಮವ್ವ ಬೆಳಿಗ್ಗೆ ಐದಕ್ಕೆ ಏಳ್ತಾಳೆ...”

ನನ್ನ ನೋಟ್‌ಬುಕ್ಕಿನಲ್ಲಿ ಇದರ ಕೆಳಗೆ ಏನೂ ಇಲ್ಲ. ಬೆಳಿಗ್ಗೆಯಿಂದ ಸಿಹಿ ಸಾಲದೇ, ಏಲಕ್ಕಿ ಹೆಚ್ಚಾಯಿತೇ, ಗಟ್ಟಿಯಾಯಿತೇ ಎಂದು ಚಮಚ ಚಮಚ ನೋಡಿದ್ದೆನಲ್ಲ, ಅದನ್ನು ಊಟವೆಂದು ನಾನು ಲೆಕ್ಕಕ್ಕೆ ಹಿಡಿದಿರಲಿಲ್ಲ. ಗಸಗಸೆ ಹಿಡಿದಿತ್ತು.

ಎಚ್ಚರವಾದಾಗ 4.17. ಬೀದಿಯಲ್ಲಿ ತರಕಾರಿ ಗಾಡಿಯ ಮೈಕು ಟೊಮ್ಯಾಟೊ ಎಂದು ಕೂಗುತ್ತಿತ್ತು. ಗೋಡೆಗೂ ನನ್ನ ತಲೆಗೂ ನಡುವೆ ಯಾರೋ ದಿನಪತ್ರಿಕೆಯನ್ನು ನಾಲ್ಕು ಮಡಿಕೆ ಮಾಡಿ ಇಟ್ಟಿದ್ದರು. ವೀರೇಶ ಎರಡು ಮೆಟ್ಟಿಲು ಕೆಳಗೆ ಕೂತಿದ್ದ. ಒಳಗೆ ಎಲ್ಲರೂ ತಾವು ಮಲಗಿಯೇ ಇಲ್ಲವೆಂಬಂತೆ ಸೆರಗು, ಶಲ್ಯ ಸರಿಮಾಡಿಕೊಳ್ಳುತ್ತಿದ್ದರು. ನಮ್ಮಿಬ್ಬರನ್ನೂ ಒಳಗೆ ಕರೆದರು. ಮಾವ ಎರಡು ಗಂಟೆಯ ಹಿಂದೆ ನಿಲ್ಲಿಸಿದ ಕಡೆಯಿಂದಲೇ ಹಿಡಿದರು: “...ಹುಡುಗಿ ಬಾಯಿಂದಾನೇ ಕೇಳ್ತೀವಿ. ಒಪ್ಪಿಗೆ ಐತೇನಮ್ಮ?”

ಗಡಿಯಾರದಲ್ಲಿ 4.22. ಎಂಟು ನಿಮಿಷ. ಹತ್ತು ಜೋಡಿ ಕಣ್ಣು. ಎರಡು ಸಂಬಂಧ ಕಳೆದುಕೊಂಡು ಕಾಪಾಡಿಕೊಂಡು ಬಂದ ಪ್ರಶ್ನೆಗೆ ಉತ್ತರ ಹೇಳಿಯಾಗಿದೆ, ನನಗೆ ಮಾತ್ರ ಅದು ಗೊತ್ತಿಲ್ಲ. ಹೂಂ ಎನ್ನಲೂ ಆಗದೆ, ಊಹೂಂ ಎನ್ನಲೂ ಆಗದೆ ಇದ್ದದ್ದನ್ನು ಹೇಳಿದೆ: “ಕೆಲಸ ಬಿಡಲ್ಲ, ಅದಕ್ಕೇನಂತೀರಿ ಅಂತ ಇವರನ್ನ ಕೇಳಿದ್ದೆ. ಇವರು ಹೇಳಿದ್ರು. ಆದ್ರೆ... ನಂಗೆ ನಿದ್ದೆ ಬಂದ್ಬಿಟ್ತು.”

ಅವ್ವ ತಲೆಯ ಮೇಲೆ ಕೈ ಇಟ್ಟುಕೊಂಡಳು. ಮಾವನ ಹೊಟ್ಟೆ ಮೊದಲು ಅಲುಗಿತು, ನಗು ಆಮೇಲೆ ಬಂತು. “ಹೇಳಪ್ಪಾ, ಇನ್ನೊಂದ್ ಸಲ ಹೇಳು. ಎಲ್ರಿಗೂ ಎಚ್ಚರ ಐತೆ ಈಗ.”

ವೀರೇಶ ಎದ್ದು ನಿಂತ. “ಕೆಲಸ ಬಿಡೋದು ಬ್ಯಾಡ ಅಂದೆ ಮಾವ. ದಿನಾ ಹೋಗಿ ಬರಕ್ಕೆ ಬಸ್ ಅದಾವೆ.”

“ಬೆಳಿಗ್ಗೆ ಅಡಿಗೆ ಯಾರೋ ಮಾಡೋರು?” ಎಂದರು ಅವನ ತಾಯಿ.

“ನಾನೂ ಮಾಡ್ತೀನವ್ವ. ಅದನ್ನೇ ಅಷ್ಟೊತ್ತು ಹೇಳಿದ್ದು.”

“ಮಲಗಿದೋರಿಗೆ ಅಷ್ಟೊತ್ತು ಹೇಳಿದ್ಯಾ? ಇವನು ಮಾಡ್ತಾನೆ ಬಿಡಕ್ಕ,” ಎಂದು ಮಾವ ತೊಡೆ ತಟ್ಟಿದರು. “ನಾನಂತೂ ಇಂಥ ನಿದ್ದೆ ಮಾಡಿ ಎಷ್ಟ್ ವರ್ಷ ಆಗಿತ್ತೋ. ಈ ಮನೆ ಬಿಡಬಾರ್ದು.” ಆ ತಾಯಿ ನನ್ನನ್ನು, ಮಗನನ್ನು, ಕೊನೆಗೆ ಖಾಲಿ ಪಾತ್ರೆಯನ್ನು ನೋಡಿ, ತಲೆ ಆಡಿಸಿದರು. ನಾನೂ ಹೂಂ ಎಂದೆ. 4.27.

ಮೆಟ್ಟಿಲ ಮೇಲೆ ಒಬ್ಬಳಿಗೇ ಹೇಳಿದ ಮಾತು ಹೀಗೆ ಇಷ್ಟು ಜನರ ಮುಂದೆ ಆಡಿದ ಮಾತಾಯಿತು. ನಾನು ಎಚ್ಚರವಿದ್ದು ಎಷ್ಟೇ ಲಕ್ಷ್ಯದಿಂದ ಬರೆದುಕೊಂಡಿದ್ದರೂ ಇಷ್ಟು ಗಟ್ಟಿಯಾಗುತ್ತಿರಲಿಲ್ಲ. ಸಂತೋಷವೇ. ಆದರೆ ಆ ಬಸ್ಸು, ಅಡುಗೆ ಸೇರಿ ಒಂದು ನಿಮಿಷವೂ ಆಗುವುದಿಲ್ಲ. ಅವನು ನಲವತ್ಮೂರು ನಿಮಿಷ ಮಾತಾಡಿದ್ದಾನೆ. ಉಳಿದದ್ದೇನು ಎಂದು ಇದುವರೆಗೆ ಫೋನಿನಲ್ಲಿ ಹದಿನಾಲ್ಕು ಸಲ ಕೇಳಿದ್ದೇನೆ. “ನಿಮ್ಗೆ ಹೇಳಾಗಿದೆಯಲ್ಲ,” ಎನ್ನುತ್ತಾನೆ.

ಹೀಗಾಗಿ, ಬಲ್ಲವರಲ್ಲಿ ಒಂದು ಕೋರಿಕೆ. ಅಡುಗೆಯ ಗಸಗಸೆಯಲ್ಲಿ ಅಮಲೇ ಇಲ್ಲ, ಅದು ಬರೀ ಭಾರದ ಊಟದ ನಿದ್ದೆ ಎಂದು ನಮ್ಮ ಕಚೇರಿಯವರು ವಾದಿಸುತ್ತಾರೆ. ದೊಡ್ಡವ್ವ ಅವರಿಗೆಲ್ಲ ಊಟಕ್ಕೆ ಬರಹೇಳಿದ್ದಾಳೆ. ಯಾರ ಮಾತು ಸರಿ? ಎಷ್ಟು ಚಮಚಕ್ಕೆ ಎಷ್ಟು ನಿಮಿಷ? ನಿದ್ದೆಯಲ್ಲಿ ಕಿವಿಗೆ ಬಿದ್ದದ್ದು ಎಂದಾದರೂ ನೆನಪಿಗೆ ಬರುವುದುಂಟೇ? ಗೊತ್ತಿದ್ದವರು ದಯವಿಟ್ಟು ಬರೆದು ತಿಳಿಸಿ. ಉತ್ತರ ದೀರ್ಘವಾಗಿದ್ದರೂ ಚಿಂತೆಯಿಲ್ಲ. ಊಟಕ್ಕೆ ಮೊದಲೇ ಓದುತ್ತೇನೆ.