ಕಂಪ್ಲೇಂಟಿಲ್ಲದ ಒಂದೇ ಒಂದು ಟ್ರಿಪ್ಪು

ನಾನು ಮೊದಲ ಸಲ ಮನೆಯಿಂದ ಎದ್ದು ಹೋದದ್ದು ಒಂದು ಸೋಮವಾರ, ಏಳನೇ ಕ್ಲಾಸಿನ ಗಣಿತ ಪರೀಕ್ಷೆಯ ದಿನ. ಶಾಲೆಗೆಂದು ಹೊರಟವನು ಬಂಟ್ವಾಳ ಪೇಟೆಯಲ್ಲಿ ನಿಂತಿದ್ದ ಬಸ್ಸು ಹತ್ತಿದೆ. ಕೆಲವು ತಿಂಗಳಾದ ಮೇಲೆ ಅದೇ ಬಸ್ಸಿನ ಕ್ಲೀನರಾಗಿ, ಬಾಗಿಲಲ್ಲಿ ನೇತಾಡುತ್ತಾ, ನಮ್ಮ ಮನೆಯ ಮುಂದೆಯೇ "ರೈಟ್, ರೈಟ್" ಎಂದು ಕೂಗಿಕೊಂಡು ಹೋದೆ. ಅಪ್ಪ ಅಂಗಳದಲ್ಲಿ ನಿಂತು ಕೈ ಎತ್ತಿದರು. ಕರೆಯಲಿಕ್ಕೋ ಹೊಡೆಯಲಿಕ್ಕೋ ಎಂದು ಗೊತ್ತಾಗುವುದರೊಳಗೆ ಬಸ್ಸು ತಿರುವು ದಾಟಿತ್ತು.

ಆಮೇಲೆ ಯಾವ ಊರಿನಲ್ಲೂ ಎರಡು ಮಳೆಗಾಲ ನಿಂತವನಲ್ಲ ನಾನು. ಇಂಥದ್ದೆಲ್ಲ ನನಗೇ ಯಾಕೆ ಆಗುತ್ತದೆ ಎಂದು ಕೇಳುವುದನ್ನೂ ಬಿಟ್ಟಿದ್ದೇನೆ. ಬೇರೆಯವರಿಗೆ ಶೀತ ಆಗುವ ಹಾಗೆ ನನಗೆ ಪ್ರಸಂಗಗಳು ಆಗುತ್ತವೆ. ಮಾತ್ರೆ ಇಲ್ಲ.

ತೊಂಬತ್ತರ ದಶಕದ ನಡುವಿನಲ್ಲಿ ನಾನು ಕತಾರ್‌ನಲ್ಲಿದ್ದೆ. ದೋಹಾದ ಮುಶೈರಿಬ್‌ನ ಒಂದು ಗಲ್ಲಿಯಲ್ಲಿ ಸಣ್ಣ ಟೂರು ಕಂಪನಿ. ಒಂದು ವ್ಯಾನು, ಒಬ್ಬ ಮಲಯಾಳಿ ಮ್ಯಾನೇಜರು, ಒಬ್ಬ ನಾನು. ಬೆಳಿಗ್ಗೆ ಐದಾರು ಮಂದಿಯನ್ನು ಕೂರಿಸಿಕೊಂಡು ಹೋಗಿ ಕಡಲ ಬದಿಯ ಕೋಟೆ, ಕಾವಲು ಬುರುಜು, ಮರಳುಗುಡ್ಡ ಇಂಥದ್ದನ್ನು ತೋರಿಸಿ ಮಧ್ಯಾಹ್ನದ ಊಟಕ್ಕೆ ವಾಪಸ್ ಬಿಡಬೇಕು. 'ಐತಿಹಾಸಿಕ ಅರ್ಧ ದಿನದ ಟೂರು' ಎಂದು ಅದಕ್ಕೆ ಹೆಸರು. ಡ್ರೈವರೂ ನಾನೇ, ಗೈಡೂ ನಾನೇ. ನಾನು ಇತಿಹಾಸ ಓದಿದ್ದು ಏಳನೇ ಕ್ಲಾಸಿನವರೆಗೆ. ಅದರಲ್ಲಿ ಕತಾರ್ ಬಂದಿರಲಿಲ್ಲ.

ವರ್ಷ ತುಂಬುವಷ್ಟರಲ್ಲಿ ನನ್ನ ಕಾಲು ತುರಿಸಲಿಕ್ಕೆ ಶುರುವಾಯಿತು. ಆದರೆ ಆ ದೇಶದಿಂದ ಎದ್ದು ಹೋಗುವುದು ಗಣಿತ ಪರೀಕ್ಷೆಯಿಂದ ಎದ್ದು ಹೋದ ಹಾಗಲ್ಲ. ನನ್ನ ಪಾಸ್‌ಪೋರ್ಟು ಧಣಿಯ ಕಪಾಟಿನೊಳಗೆ. ಅವನು ಸಹಿ ಹಾಕದೆ ವಿಮಾನ ಹತ್ತುವ ಹಾಗಿಲ್ಲ. ಅರ್ಬಾಬ್ ಎಂದೇ ನಾವು ಅವನನ್ನು ಕರೆಯುತ್ತಿದ್ದದ್ದು. ಕೆಟ್ಟ ಮನುಷ್ಯನಲ್ಲ. ಹೋಗಿ ಕೈಕಟ್ಟಿ ಕೇಳಿದೆ.

"ಹೋಗು ಸದೀಕ್, ಹೋಗು," ಎಂದ. ಸದೀಕ್ ಎಂದರೆ ಗೆಳೆಯ; ಕೆಲಸದವರೆಲ್ಲ ಅವನಿಗೆ ಸದೀಕ್. "ಆದರೆ ಕಂಪ್ಲೇಂಟಿಲ್ಲದೆ ಒಂದು ಟ್ರಿಪ್ ಮಾಡಿ ತೋರಿಸು. ಟ್ರಿಪ್ ಕೆಡಿಸಿದವನನ್ನೆಲ್ಲ ನಾನು ಊರಿಗೆ ಕಳಿಸುತ್ತಾ ಹೋದರೆ ದೋಹಾದ ಡ್ರೈವರುಗಳೆಲ್ಲ ಅದನ್ನೇ ಕಲಿಯುತ್ತಾರೆ."

ಒಂದೇ ಒಂದು ಟ್ರಿಪ್ಪು. ಇಷ್ಟೇಯಾ ಎಂದುಕೊಂಡೆ.

೧. ಹಸಿರು ಗುಡ್ಡದ ಕೋಟೆ

ನಮ್ಮ ಟೂರಿಗೆ ಬಣ್ಣದ ಒಂದು ಬ್ರೋಷರ್ ಆಗಬೇಕಿತ್ತು. ಕೋಟೆಯ ಫೋಟೋ ಎಷ್ಟು ಸಲ ತೆಗೆದರೂ ಬಿಸ್ಕತ್ತಿನ ಹಾಗೆ ಬರುತ್ತಿತ್ತು. ಪ್ರೆಸ್ಸಿನವನು, "ಇದನ್ನು ಹಾಕಿದರೆ ನೊಣವೂ ಬರುವುದಿಲ್ಲ," ಎಂದು ಗೋಡೆಯ ಕ್ಯಾಲೆಂಡರಿನಿಂದ ಬೇರೊಂದು ಕೋಟೆಯನ್ನು ಕತ್ತರಿಸಿ ಹಾಕಿಬಿಟ್ಟ. ಹಸಿರು ಗುಡ್ಡ, ಸರೋವರ, ಕಲ್ಲಿನ ಸೇತುವೆ, ಹಿಂದೆ ಮಂಜು.

"ಚೇಟಾ, ಇಷ್ಟು ನೀರು ನಾನು ಎಲ್ಲಿಂದ ತೋರಿಸಲಿ?" ಎಂದು ಮ್ಯಾನೇಜರನ್ನು ಕೇಳಿದೆ.

"ಕಡಲು ತೋರಿಸು. ನೀರು ನೀರೇ."

ಮುಂದಿನ ಟ್ರಿಪ್ಪಿಗೆ ಗ್ಯಾಸ್ ಕಂಪನಿಯ ಒಬ್ಬ ಎಂಜಿನಿಯರು ಹೆಂಡತಿಯ ಜೊತೆ ಬಂದ. ಸ್ಕಾಟ್ಲೆಂಡಿನವನು, ಬೋಳುತಲೆ, ಬಿಸಿಲಿಗೆ ಟೊಮೆಟೊ ಆಗಿದ್ದ. ಕೋಟೆಯ ಮುಂದೆ ಇಳಿದು ಒಮ್ಮೆ ಕೋಟೆ ನೋಡಿದ, ಒಮ್ಮೆ ಬ್ರೋಷರ್ ನೋಡಿದ.

"ಈ ಮರಗಳು ಎಲ್ಲಿ?"

"ಹಳೇ ಫೋಟೋ ಸಾರ್. ಮರಗಳೆಲ್ಲ ಒಣಗಿದವು."

"ಸರೋವರ?"

"ಅದೂ ಒಣಗಿತು."

"ಗುಡ್ಡ?"

ಗುಡ್ಡವನ್ನು ಒಣಗಿಸುವ ದಾರಿ ನನಗೆ ಹೊಳೆಯಲಿಲ್ಲ.

ಅವನು ಬ್ರೋಷರನ್ನು ಹೆಂಡತಿಗೆ ತೋರಿಸಿದ. "ನೋಡು, ನಮ್ಮೂರು! ಈ ಸೇತುವೆಯ ಮೇಲೆಯೇ ಅಲ್ವಾ ನಾನು ನಿನ್ನನ್ನು ಮದುವೆಯಾಗುತ್ತೀಯಾ ಎಂದು ಕೇಳಿದ್ದು?" ಖುಷಿಯಲ್ಲಿ ನನ್ನ ಬೆನ್ನು ತಟ್ಟಿದ. ನನ್ನ ಪಾಸ್‌ಪೋರ್ಟು ಕಪಾಟಿನಿಂದ ಅರ್ಧ ಹೊರಗೆ ಬಂದ ಹಾಗಾಯಿತು.

ಕಂಪ್ಲೇಂಟು ಕೊಟ್ಟದ್ದು ಹೆಂಡತಿ: "ಇಷ್ಟು ವರ್ಷದಿಂದ ಆ ಸೇತುವೆಯನ್ನು ಮರೆಯಲಿಕ್ಕೆ ನೋಡುತ್ತಿದ್ದೇನೆ. ಈ ಕಂಪನಿ ನೆನಪು ಮಾಡಿಸಿತು."

೨. ಮರಳಿನ ಆರೋಗ್ಯ

ದೋಹಾದ ದಕ್ಷಿಣಕ್ಕೆ ಹಾಡುವ ಮರಳುಗುಡ್ಡ ಇದೆ. ಸುಳ್ಳಲ್ಲ. ಒಣ ಮರಳಿನ ಮೇಲೆ ಜಾರಿದರೆ ಗುಡ್ಡದ ಹೊಟ್ಟೆಯೊಳಗಿಂದ ಗುಂಯ್ ಎಂದು ಸದ್ದು ಬರುತ್ತದೆ. ಆದರೆ ಗಾಳಿಯಲ್ಲಿ ತೇವ ಇದ್ದರೆ ಬಾಯಿ ಮುಚ್ಚಿಕೊಳ್ಳುತ್ತದೆ.

ಜರ್ಮನಿಯ ನಾಲ್ಕು ಮಂದಿ ಟೇಪ್ ರೆಕಾರ್ಡರ್ ಹಿಡಿದುಕೊಂಡು ಬಂದ ದಿನವೇ ತೇವ. ಜಾರಿದರು, ಇಲ್ಲ. ಮತ್ತೆ ಹತ್ತಿ ಜಾರಿದರು, ಇಲ್ಲ. ಅವರ ಮುಖ ನೋಡಿ ನನಗೆ ಜೀವ ಹೋಯಿತು. "ಆ ಬದಿಯಲ್ಲಿ ನೋಡಿಕೊಂಡು ಬರುತ್ತೇನೆ, ನೀವು ಜಾರುತ್ತಾ ಇರಿ," ಎಂದು ಗುಡ್ಡದ ಹಿಂದೆ ಹೋದೆ. ಬೋರಲು ಬಿದ್ದು, ಮರಳಿಗೆ ಬಾಯಿ ಕೊಟ್ಟು, ನಮ್ಮೂರಿನ ಅಕ್ಕಿ ಮಿಲ್ಲಿನ ಹಾಗೆ ಹೂಂ ಎಂದೆ. ಆಚೆಯಿಂದ ಚಪ್ಪಾಳೆ! ಇನ್ನೊಮ್ಮೆ ಹೂಂ. ಮೂರನೇ ಸಲಕ್ಕೆ ಮೂಗಿನೊಳಗೆ ಹಿಡಿ ಮರಳು ಹೋಯಿತು. ಕಣ್ಣಲ್ಲಿ ನೀರು ಬರುವ ತನಕ ಕೆಮ್ಮಿದೆ. ಎಲ್ಲವೂ ಟೇಪಿನಲ್ಲಿ ದಾಖಲಾಯಿತು.

ಸಂಜೆ ಮ್ಯಾನೇಜರು ಅರ್ಬಾಬನ ಮುಂದೆ ಅವರ ಅಭಿಪ್ರಾಯವನ್ನು ಓದಿದ: "ಮರಳು ಚೆನ್ನಾಗಿ ಹಾಡುತ್ತದೆ. ಆದರೆ ಬೀಡಿ ಬಿಡಬೇಕು."

೩. ನಮ್ಮವರು

ಅಲ್ ರಯ್ಯಾನ್‌ನಲ್ಲಿದ್ದ ಮಂಗಳೂರಿನ ಒಂದು ಕುಟುಂಬ ಟೂರಿಗೆ ಬಂತು. ಗಂಡ, ಹೆಂಡತಿ, ಊರಿನಿಂದ ಬಂದಿದ್ದ ಹೆಂಡತಿಯ ಅಪ್ಪ, ಅಮ್ಮ. ನಮ್ಮ ಭಾಷೆ, ನಮ್ಮ ಜನ. ಇವತ್ತು ಪಾಸ್‌ಪೋರ್ಟು ಸಿಕ್ಕಿತೆಂದೇ ಲೆಕ್ಕ ಎಂದುಕೊಂಡೆ.

ಕೋಟೆಯ ಮುಂದೆ ಇಳಿದ ಮಾವ ಸೊಂಟಕ್ಕೆ ಕೈಕೊಟ್ಟು ನಿಂತರು. "ಇದೆಂತ ಕೋಟೆ ಮಾರಾಯ? ನಮ್ಮ ಸೊಸೈಟಿಯ ಗೋದಾಮು ಇದಕ್ಕಿಂತ ದೊಡ್ಡದುಂಟು."

"ಹಳೇದು, ಯಜಮಾನ್ರೇ."

"ಗೋದಾಮೂ ಹಳೇದೇ."

ಕೋಟೆಗೆ ಬೆನ್ನು ಹಾಕಿದವರ ಕಣ್ಣಿಗೆ ದೂರದ ಗುಡಾರವೊಂದರ ಮುಂದೆ ನಿಂತಿದ್ದ ಯಾರದ್ದೋ ಲ್ಯಾಂಡ್ ಕ್ರೂಸರ್ ಬಿತ್ತು. ಎಲ್ಲರೂ ಅದಕ್ಕೆ ಒರಗಿ ಫೋಟೋ ತೆಗೆಸಿಕೊಂಡರು. ಅತ್ತೆಯವರು ಸೆರಗು ಸರಿಮಾಡಿಕೊಂಡು ಬಾನೆಟ್ಟಿನ ಮೇಲೆ ಕೈ ಇಡುವುದಕ್ಕೂ ಕಾರಿನ ಯಜಮಾನ ಗುಡಾರದಿಂದ ಹೊರಗೆ ಬರುವುದಕ್ಕೂ ಸರಿಹೋಯಿತು. ಉದ್ದ ಗಡ್ಡದ ಅರಬ. ನಾನು ಕಣ್ಣು ಮುಚ್ಚಿಕೊಂಡೆ.

ತೆರೆದಾಗ ಮಾವ ಸ್ಟೀರಿಂಗ್ ಹಿಡಿದು ಕೂತಿದ್ದರು, ಫೋಟೋ ತೆಗೆಯುತ್ತಿದ್ದವನು ಆ ಅರಬ! ಆಮೇಲೆ ಗುಡಾರದೊಳಗೆ ಕಾಫಿ, ಖರ್ಜೂರ, ತಟ್ಟೆ ತುಂಬ ಅನ್ನ, ಮಾಂಸ. ನಾನು ಹೋಗಿ ಹೋಗಿ ಕರೆದೆ. "ಕೂತ್ಕೊಳ್ಳಾ ಮಾರಾಯ, ಎಂತ ಅವಸರ?" ಎಂದು ನನ್ನ ಬಾಯಿಗೂ ಖರ್ಜೂರ ತುರುಕಿದರು. ಹೊರಟಾಗ ಬಿಸಿಲು ಇಳಿದಿತ್ತು.

ಮಾವನ ಕಂಪ್ಲೇಂಟು: "ಅರ್ಧ ದಿನ ಅಂತ ಹೇಳಿ ಇಡೀ ದಿನ ಕೂರಿಸಿದ್ದಾನೆ."

ಅಲ್ ಮನ್ಸೂರಾದ ನನ್ನ ರೂಮಿನಲ್ಲಿ ಉಳ್ಳಾಲದ ಒಬ್ಬ ಬ್ಯಾರಿ ಇದ್ದ. ಹೋಟೆಲಿನಲ್ಲಿ ಅಡುಗೆಯವನು. ಸಂಗತಿ ಕೇಳಿ ಅವನು ನಗಲಿಲ್ಲ. "ನಮ್ಮವರು ಕಂಪ್ಲೇಂಟ್ ಮಾಡಿದ್ರೆ ಊಟ ಸೇರಿದೆ ಅಂತ ಅರ್ಥ. ನನ್ನ ಹತ್ರ ಕೇಳು," ಎಂದ.

೪. ಒಳ್ಳೆಯ ದಿನ

ಟೊಮೆಟೊ ಬಣ್ಣದ ಆ ಎಂಜಿನಿಯರು ಚಳಿಗಾಲದಲ್ಲಿ ಮತ್ತೆ ಬಂದ. ಈ ಸಲ ಹೆಂಡತಿ ಇಲ್ಲ, ಅವನದ್ದೇ ಊರಿನ ಮೂವರು ಗೆಳೆಯರು.

ದೋಹಾ ದಾಟುವಷ್ಟರಲ್ಲಿ ಮಳೆ. ಕತಾರ್‌ನಲ್ಲಿ ಮಳೆ ಎಂದರೆ ನೆಂಟರು ಬಂದ ಹಾಗೆ, ಯಾರೂ ತಯಾರಿರುವುದಿಲ್ಲ. ವೈಪರಿನ ರಬ್ಬರು ಬಿಸಿಲಿಗೆ ಎಂದೋ ಕರಗಿಹೋಗಿತ್ತು. ಒಂದು ಸಲ ಅಲ್ಲಾಡಿ ಕಳಚಿ ಬಿತ್ತು. ಕೋಟೆಯ ಹತ್ತಿರ ಹೋದರೆ ಕೋಟೆಯೇ ಇಲ್ಲ, ಬರೀ ಮಂಜು. "ಅಲ್ಲಿ ಇರಬೇಕು ಸಾರ್," ಎಂದು ಕೈ ತೋರಿಸಿದೆ. ವ್ಯಾನು ಕೆಸರಿನಲ್ಲಿ ಕೂತಿತು. ನಾಲ್ವರೂ ಇಳಿದು ತಳ್ಳಿದರು, ಮೊಣಕಾಲಿನವರೆಗೆ ಹೂತುಕೊಂಡರು. ಸ್ಯಾಂಡ್‌ವಿಚ್ಚು ಮಳೆಯಲ್ಲಿ ಗಂಜಿಯಾಯಿತು. ಸ್ಟೀರಿಂಗಿಗೆ ಹಣೆ ಇಟ್ಟುಕೊಂಡು ಕೂತುಬಿಟ್ಟೆ. ನನ್ನ ಪಾಸ್‌ಪೋರ್ಟು ಆ ಕೆಸರಿನೊಳಗೆ ಇಳಿಯುವುದು ನನಗೆ ಕಾಣುತ್ತಿತ್ತು.

ಹೊರಗೆ ಏನೋ ಗದ್ದಲ. ತಲೆಯೆತ್ತಿ ನೋಡಿದರೆ ನಾಲ್ವರೂ ಒಬ್ಬರ ಹೆಗಲಿಗೆ ಒಬ್ಬರು ತೋಳು ಹಾಕಿಕೊಂಡು ಹಾಡುತ್ತಿದ್ದಾರೆ! ಅವರಲ್ಲಿ ಹಿರಿಯನು ಕಣ್ಣೊರೆಸಿಕೊಳ್ಳುತ್ತಿದ್ದ. "ಚಳಿ, ಗಾಳಿ, ಕೆಸರು, ಏನೂ ಕಾಣದ ಕೋಟೆ... ಥೇಟ್ ನಮ್ಮ ಸ್ಕಾಟ್ಲೆಂಡ್," ಎಂದು ನನ್ನ ಕೈ ಹಿಡಿದುಕೊಂಡ. ಆಫೀಸಿಗೆ ಬಂದು, ಈ ದೇಶಕ್ಕೆ ಬಂದ ಮೇಲೆ ಇಂಥಾ ಒಳ್ಳೆಯ ದಿನ ಕಂಡಿರಲಿಲ್ಲ ಎಂದು ಹೇಳಿ ಹೋದರು.

ಕಂಪ್ಲೇಂಟಿಲ್ಲದ ಟ್ರಿಪ್ಪು! ಕೆಸರುಗಾಲಲ್ಲೇ ಓಡಿಹೋಗಿ ಅರ್ಬಾಬನ ಮುಂದೆ ನಿಂತೆ. ಅವನು ಎದ್ದು ಬಂದು ಅಪ್ಪಿಕೊಂಡ.

"ಪಾಸ್‌ಪೋರ್ಟು?" ಎಂದೆ.

"ಯಾವ ಪಾಸ್‌ಪೋರ್ಟು? ಇಂಥಾ ಗೈಡನ್ನು ಯಾರಾದರೂ ಕಳಿಸುತ್ತಾರಾ? ನನಗೇನು ಹುಚ್ಚಾ?"

ರೂಮಿಗೆ ಬಂದು ಗೋಡೆಗೆ ಮುಖ ಮಾಡಿ ಮಲಗಿದೆ. ಬ್ಯಾರಿ ಚಹಾ ತಂದಿಟ್ಟ. "ಕೆಡಿಸಿದ್ರೂ ಬಿಡುದಿಲ್ಲ, ಗೆದ್ರೂ ಬಿಡುದಿಲ್ಲ. ಇನ್ನು ಸತ್ತೇ ಹೋಗ್ಬೇಕಷ್ಟೆ ನೀನು."

"ಹೆಣ ಕಳಿಸ್ಲಿಕ್ಕೂ ಅವನದ್ದೇ ಸಹಿ ಬೇಕು ಮಾರಾಯ," ಎಂದೆ.

೫. ರಾಣಿಯ ಬುರುಜು

ಕೋಟೆಗೆ ಎಷ್ಟು ವಯಸ್ಸು ಎಂದು ಎಲ್ಲರೂ ಕೇಳುತ್ತಾರೆ. ಮೊದಮೊದಲು ನೂರು ವರ್ಷ ಎನ್ನುತ್ತಿದ್ದೆ. ಮುಖ ಸಪ್ಪೆ ಮಾಡುತ್ತಿದ್ದರು. ಮುನ್ನೂರು ಎಂದರೆ ಸ್ವಲ್ಪ ಅರಳುತ್ತಿದ್ದರು. ಹಾಗೆ ಏರುತ್ತಾ ಏರುತ್ತಾ ಕೋಟೆಗೆ ಏಳುನೂರು ವರ್ಷವಾಯಿತು. ಜೊತೆಗೆ ಒಬ್ಬ ರಾಜ, ಅವನು ಬುರುಜಿನಲ್ಲಿ ಕೂಡಿಹಾಕಿದ ರಾಣಿ, ಶತ್ರುಗಳು ಬೆಂಕಿ ಇಟ್ಟು ಕಪ್ಪಾದ ಗೋಡೆ, ಕಡಲಿಗೆ ಹೋಗುವ ಸುರಂಗ. ಕೇಳಿದವರು ಯಾರೂ ಬೇಡ ಎನ್ನಲಿಲ್ಲ.

ಮಳೆಯ ಟ್ರಿಪ್ಪಿನ ಕತೆಯನ್ನು ಅರ್ಬಾಬ್ ಊರಿಡೀ ಹೇಳಿಕೊಂಡು ಬಂದ. ತನ್ನ ಗೈಡನ್ನು ಅಪ್ಪನಿಗೂ ತೋರಿಸಬೇಕೆಂಬ ಆಸೆಯಾಯಿತು ಅವನಿಗೆ. ಅಪ್ಪ ಎಂದರೆ ಮನೆಯಲ್ಲಿ ದಿನವಿಡೀ ಟೀವಿಯ ಮುಂದೆ ಮಾತಿಲ್ಲದೆ ಕೂರುವ ಮುದುಕ. ನಾವೆಲ್ಲ ಬಾಬಾ ಎನ್ನುತ್ತಿದ್ದೆವು. ಆ ಟ್ರಿಪ್ಪಿಗೆ ಬಂದವರು ಎಂಜಿನಿಯರನ ಹೆಂಡತಿ, ಅವಳ ಮೂವರು ಗೆಳತಿಯರು, ಅರ್ಬಾಬ್, ಬಾಬಾ.

ನಾನು ಇಂಗ್ಲಿಷಿನಲ್ಲಿ ಹೇಳಿದ್ದನ್ನು ಅರ್ಬಾಬ್ ಹೆಮ್ಮೆಯಿಂದ ಬಾಬಾನ ಕಿವಿಯಲ್ಲಿ ಅರಬಿಯಲ್ಲಿ ಹೇಳುತ್ತಾ ಬಂದ. ಬುರುಜಿನೊಳಗೆ ನಿಂತು ನಾನು ದನಿ ತಗ್ಗಿಸಿದೆ: "ಇಲ್ಲಿಯೇ ರಾಣಿ ಸಾಯುವ ತನಕ ಅತ್ತಳು."

ಬಾಬಾನ ಹೆಗಲು ನಡುಗಿತು. ಅಳುತ್ತಿದ್ದಾನೆ ಎಂದುಕೊಂಡೆ. ಅರ್ಬಾಬನೂ ಹಾಗೆಯೇ ತಿಳಿದು ಬೆನ್ನು ಸವರಿದ. ಬಾಬಾ ತಲೆಯೆತ್ತಿದಾಗ ನೋಡಿದರೆ ನಗು! ಗೋಡೆ ಹಿಡಿದುಕೊಂಡು ನಗುತ್ತಿದ್ದಾನೆ. ಉಸಿರು ತಿರುಗಿದ ಮೇಲೆ ಏನೋ ಹೇಳಿದ. ಅರ್ಬಾಬನ ಮುಖ ಬಾಡಿತು.

"ಬಾಬಾ ಹೇಳುತ್ತಾರೆ... ಇಲ್ಲಿ ರಾಣಿ ಇರಲಿಲ್ಲ. ಈರುಳ್ಳಿ ಇತ್ತು."

"ಈರುಳ್ಳಿ?" ಎಂದಳು ಎಂಜಿನಿಯರನ ಹೆಂಡತಿ.

"ಬಾಬಾ ಇಲ್ಲಿ ಕಾವಲಿಗೆ ಇದ್ದವರು. ಇದು ಉಗ್ರಾಣ. ಆ ಕಪ್ಪು ಗೋಡೆ ಅವರ ಒಲೆಯದ್ದು. ಈ ಕೋಟೆ ಕಟ್ಟುವಾಗ ಕಲ್ಲು ಹೊತ್ತಿದ್ದಾರಂತೆ." ಅರ್ಬಾಬ್ ನನ್ನನ್ನು ಒಮ್ಮೆ ನೋಡಿದ. "ಕೋಟೆಗಿಂತ ಬಾಬಾ ದೊಡ್ಡವರು."

"ಮತ್ತೆ ಆ ಸುರಂಗ?" ಎಂದಳು ಅವಳೇ.

ಅರ್ಬಾಬ್ ಕೇಳಿ ತಿಳಿದುಕೊಂಡ. ಹೆಂಗಸರ ಮುಂದೆ ಅದನ್ನು ಹೇಳಲಿಲ್ಲ.

ಅಲ್ಲಿಂದ ಮುಂದೆ ನನ್ನ ಕಡೆ ನೋಡಿದವರಿಲ್ಲ. ಬಾಬಾ ಮುಂದೆ, ನಾಲ್ಕು ಹೆಂಗಸರು ಹಿಂದೆ. ತಾನು ಮಲಗುತ್ತಿದ್ದ ಜಾಗ, ಕಡಲಿನ ದೋಣಿಗಳನ್ನು ಕಾಯುತ್ತಿದ್ದ ಕಿಂಡಿ, ಆಟ ಆಡಲಿಕ್ಕೆ ನೆಲದಲ್ಲಿ ಕೊರೆದ ಕುಳಿಗಳು, ಎಲ್ಲ ತೋರಿಸಿದ. ವರ್ಷಗಟ್ಟಲೆ ಆಡದ ಮಾತನ್ನೆಲ್ಲ ಅಂದು ಆಡಿದ. ಅರ್ಬಾಬ್ ಅದನ್ನೆಲ್ಲ ಹೆಂಗಸರಿಗೆ ಇಂಗ್ಲಿಷಿನಲ್ಲಿ ಹೇಳುತ್ತಾ ಬಂದ. ನನ್ನ ಏಳುನೂರು ವರ್ಷ ಒಂದು ಬುಟ್ಟಿ ಈರುಳ್ಳಿಯಲ್ಲಿ ಮುಗಿದುಹೋಗಿತ್ತು. ಇನ್ನು ಕಂಪ್ಲೇಂಟು ಬಂದಂತೆಯೇ. ಕಪಾಟಿಗೆ ಬೀಗ ಬೀಳುವ ಸದ್ದು ಅಲ್ಲಿಗೇ ಕೇಳಿಸಿತು.

ಹೊರಡುವಾಗ ಬಾಬಾ ನನ್ನ ಮುಂದೆ ಅಂಗೈ ಚಾಚಿದ. ವ್ಯಾನಿನ ಬೀಗದ ಕೈ ಬೇಕಂತೆ. ಅರ್ಬಾಬ್ ಬೇಡವೆಂದ, ಬೇಡಿಕೊಂಡ. ಬಾಬಾ ಡ್ರೈವರ್ ಸೀಟಿನಲ್ಲಿ ಕೂತಾಗಿತ್ತು. "ಯಲ್ಲಾ!" ಎಂದ, ಹೊರಡೋಣ ಎಂದು.

ನನಗೆ ಹಿಂದಿನ ಸೀಟು, ಸ್ಕಾಟ್ಲೆಂಡಿನ ಇಬ್ಬರು ದಪ್ಪ ಹೆಂಗಸರ ನಡುವೆ. ಬಾಬಾ ರಸ್ತೆಯ ಕಡೆ ತಿರುಗಲೇ ಇಲ್ಲ. ದಾರಿ ಗೊತ್ತಿಲ್ಲದವರಿಗೆ ರಸ್ತೆ ಎಂದನಂತೆ. ಮರುಭೂಮಿಯಲ್ಲಿ ನೇರ ಗೆರೆ ಎಳೆದ ಹಾಗೆ ಹೊರಟ. ಒಂದೊಂದು ದಿಬ್ಬಕ್ಕೂ ವ್ಯಾನು ಗಾಳಿಯಲ್ಲಿ, ನಾವು ವ್ಯಾನಿನೊಳಗೆ ಗಾಳಿಯಲ್ಲಿ. ಹೆಂಗಸರು ಹೋ ಎಂದು ಕೇಕೆ ಹಾಕಿದರು. ನಾನು ನಮ್ಮ ಮನೆಯ ದೈವದಿಂದ ಶುರುಮಾಡಿ ತುಳುನಾಡಿನ ಅಷ್ಟೂ ದೈವಗಳನ್ನು ಹೆಸರು ಹಿಡಿದು ಕೂಗಿದೆ. ಮುಶೈರಿಬ್ ತಲುಪಿದಾಗ ಆಫೀಸಿನ ಪಕ್ಕದ ಕ್ಷೌರದಂಗಡಿಯ ಬೋರ್ಡೂ ನಮ್ಮ ಜೊತೆ ಬಂದಿತ್ತು.

ಹೆಂಗಸರದ್ದು ಏನೂ ಕಂಪ್ಲೇಂಟಿಲ್ಲ. ಮುಂದಿನ ವಾರ ಮತ್ತೆ ಬರುತ್ತೇವೆ, ಇದೇ ಗೈಡು, ಇದೇ ಡ್ರೈವರು ಬೇಕು ಎಂದರು. ಕಂಪ್ಲೇಂಟು ಕೊಟ್ಟದ್ದು ಬಾಬಾ. ಅರ್ಬಾಬ್ ಕಪಾಟು ತೆರೆಯುತ್ತಲೇ ನನಗೆ ಅದನ್ನು ಹೇಳಿದ:

"ಹಿಂದಿನ ಸೀಟಿನಲ್ಲಿದ್ದ ಇಂಡಿಯಾದವನು ದಾರಿಯಿಡೀ ಕಿರುಚಿದನಂತೆ. ಗಿರಾಕಿಗಳಿಗೆ ತೊಂದರೆಯಂತೆ. ಗಿರಾಕಿಗಳಿದ್ದಾಗ ಅವನನ್ನು ಇನ್ನು ನನ್ನ ವ್ಯಾನಿಗೆ ಹತ್ತಿಸಬೇಡ ಎಂದಿದ್ದಾರೆ." ಸಹಿ ಹಾಕಿ ಪಾಸ್‌ಪೋರ್ಟನ್ನು ನನ್ನ ಕೈಗಿಟ್ಟ. "ಖಲಾಸ್, ಸದೀಕ್."

ಮೂರನೇ ದಿನ ಮಧ್ಯಾಹ್ನ ರೂಮಿನಲ್ಲಿ ಚೀಲ ಕಟ್ಟುತ್ತಿದ್ದೆ. ಎರಡು ಪ್ಯಾಂಟು, ಒಂದು ಲುಂಗಿ. ಬ್ಯಾರಿ ದಾರಿಗೆಂದು ಪರೋಟ ಕಟ್ಟಿ ತಂದಿದ್ದ.

"ಎಲ್ಲಿಗೆ ಹೋಗುದು ಇನ್ನು?"

"ಟಿಕೆಟ್ ಬೊಂಬಾಯಿಗೆ ಉಂಟು. ಆಮೇಲೆ ಯಾವ ಬಸ್ಸು ಮೊದಲು ಸಿಕ್ತದೋ ಅದು."

"ಸರಿ ಬಿಡು. ಪಾಸ್‌ಪೋರ್ಟ್ ಕೈಯಲ್ಲುಂಟು, ಸಹಿಯೂ ಆಯ್ತು. ಇನ್ನು ನಿನ್ನನ್ನು ತಡೆಯುವವರು ಯಾರೂ ಇಲ್ಲ."

ಕೆಳಗೆ ಹಾರ್ನ್ ಕೇಳಿಸಿತು. ಬ್ಯಾರಿ ಕಿಟಕಿಯಿಂದ ಬಗ್ಗಿ ನೋಡಿದ. "ಓ ಬಂಟ್ವಾಳ, ನಿನ್ನ ಅರ್ಬಾಬ್ ದೊಡ್ಡ ಮನುಷ್ಯ ಮಾರಾಯ! ಏರ್‌ಪೋರ್ಟಿಗೆ ಬಿಡ್ಲಿಕ್ಕೆ ವ್ಯಾನು ಕಳಿಸಿದ್ದಾನೆ."

ಚೀಲದ ಹಗ್ಗ ನನ್ನ ಕೈಯಲ್ಲೇ ನಿಂತಿತು. "ಓಡಿಸುದು ಯಾರು?"

"ಯಾರೋ ಒಬ್ಬ ಅಜ್ಜ. ಬೇಗ ಇಳಿ, ಅರ್ಧ ವ್ಯಾನು ನಮ್ಮ ಮೆಟ್ಟಿಲಿನ ಮೇಲುಂಟು."